ಮದುವೆಯ ಮಾತು ಯಾರ ಬಾಯಲ್ಲಿ: ಯುದ್ಧೋತ್ತರ ಜಪಾನಿನ ಏಳು ಚಿತ್ರಗಳನ್ನು ನೋಡುವ ಕ್ರಮ

ಜಪಾನಿನ ಹಳೆಯ ಸಿನಿಮಾ ನೋಡಬೇಕು ಎಂದು ಹೊರಟವರಿಗೆ ಸಾಮಾನ್ಯವಾಗಿ ಸಿಗುವ ಸಲಹೆ ಎರಡು. ಒಂದೋ ಸಮುರಾಯ್ ಚಿತ್ರಗಳಿಂದ ಶುರು ಮಾಡಿ ಎನ್ನುತ್ತಾರೆ, ಇಲ್ಲವೇ ಯಸುಜಿರೊ ಓಜು ಅವರ ‘ಟೋಕಿಯೊ ಸ್ಟೋರಿ’ಯಿಂದ ಶುರು ಮಾಡಿ ಎನ್ನುತ್ತಾರೆ. ಎರಡೂ ಕೆಟ್ಟ ಸಲಹೆಗಳಲ್ಲ. ಆದರೆ ಯುದ್ಧ ಸೋತ ದೇಶದಲ್ಲಿ ಇಪ್ಪತ್ತರ ಆಸುಪಾಸಿನವರು ಹೇಗೆ ಬದುಕಿದರು, ಮನೆಯ ಹಿರಿಯರ ಮಾತಿನ ಬಿಗಿ ಯಾವಾಗ ಸಡಿಲವಾಯಿತು, ಎಲ್ಲಿ ಸಡಿಲವಾಗಲೇ ಇಲ್ಲ ಎಂಬ ಕುತೂಹಲ ಇದ್ದವರಿಗೆ ಈ ದಾರಿಗಳು ಸುತ್ತುಬಳಸು. ಅಂಥವರಿಗಾಗಿ ಇಲ್ಲೊಂದು ಬೇರೆ ಕ್ರಮ ಇದೆ: 1947ರಿಂದ 1962ರವರೆಗಿನ ಏಳು ಚಿತ್ರಗಳು, ವಾರಕ್ಕೊಂದರಂತೆ.

ಹಿಡಿದುಕೊಳ್ಳಬೇಕಾದ ಎಳೆ ಒಂದೇ. ಮದುವೆಯ ಮಾತನ್ನು ಯಾರು ಎತ್ತುತ್ತಾರೆ, ಯಾರ ಮುಂದೆ ಎತ್ತುತ್ತಾರೆ, ಯಾರಿಗೆ ಕೊನೆಗೆ ತಿಳಿಯುತ್ತದೆ? ಇಷ್ಟನ್ನು ಗಮನಿಸುತ್ತ ಹೋದರೆ, ಯುವಕರು ಅತಿ ಜೋರಾಗಿ ಕೂಗಾಡುವ ಚಿತ್ರಗಳಲ್ಲಿ ರೂಢಿ ಅಷ್ಟೇನೂ ಕದಲಿಲ್ಲವೆಂದೂ, ಯಾರೂ ದನಿ ಏರಿಸದ ಚಿತ್ರಗಳಲ್ಲಿ ಮನೆಯ ತೊಲೆಯೇ ಸರಿದಿದೆಯೆಂದೂ ಕಾಣುತ್ತದೆ. ನನ್ನ ವಾದ ಇಷ್ಟು. ಒಪ್ಪುವುದು ಬಿಡುವುದು ನೋಡಿದ ಮೇಲಿನ ಮಾತು.

ಮೊದಲ ಹೆಜ್ಜೆ: ಸಿನಿಮಾಕ್ಕೆ ಮುಂಚೆ ಕಾನೂನು

ಈ ಚಿತ್ರಗಳ ಹಿನ್ನೆಲೆಯಲ್ಲಿ ಒಂದು ಕಾನೂನು ಕೂತಿದೆ. ಅದನ್ನು ತಿಳಿಯದೆ ನೋಡಿದರೆ ಅರ್ಧ ದೃಶ್ಯಗಳು ಬರೀ ಮನೆಮಾತಿನಂತೆ ಕಾಣುತ್ತವೆ. ಯುದ್ಧಕ್ಕೆ ಮುಂಚಿನ ಮೆಯಿಜಿ ಕಾಲದ ನಾಗರಿಕ ಸಂಹಿತೆಯಲ್ಲಿ ಕುಟುಂಬಕ್ಕೊಬ್ಬ ಯಜಮಾನ. ಮನೆಯವರ ಮದುವೆಗೆ ಅವನ ಒಪ್ಪಿಗೆ ಬೇಕಿತ್ತು. ಅದರ ಮೇಲೆ, ಗಂಡಿಗೆ 30, ಹೆಣ್ಣಿಗೆ 25 ತುಂಬುವವರೆಗೆ ತಂದೆತಾಯಿಯ ಒಪ್ಪಿಗೆಯೂ ಬೇಕು. 1947ರ ಮೇ 3ರಂದು ಜಾರಿಗೆ ಬಂದ ಹೊಸ ಸಂವಿಧಾನದ 24ನೇ ವಿಧಿ ಇದನ್ನು ಬುಡಸಹಿತ ಕಿತ್ತಿತು. ಮದುವೆ ನಿಲ್ಲುವುದು ಗಂಡು ಹೆಣ್ಣು ಇಬ್ಬರ ಒಪ್ಪಿಗೆಯ ಮೇಲೆ ಮಾತ್ರ ಎಂದು ಅದು ಸಾರಿತು. ಈ ವಿಧಿಯ ಕರಡು ಬರೆದವರು ಬಿಯಾಟೆ ಸಿರೋಟಾ ಎಂಬ 22 ವರ್ಷದ ಯುವತಿ. ಬಾಲ್ಯವನ್ನು ಟೋಕಿಯೊದಲ್ಲಿ ಕಳೆದಿದ್ದ ಆಕೆ ಅಮೆರಿಕನ್ ಆಡಳಿತದ ಸಿಬ್ಬಂದಿಯಲ್ಲಿದ್ದರು. 1948ರ ಜನವರಿ 1ರಿಂದ ತಿದ್ದಿದ ನಾಗರಿಕ ಸಂಹಿತೆಯೂ ಬಂತು, ಯಜಮಾನಿಕೆಯ ಪದ್ಧತಿ ಕಾಗದದ ಮೇಲೆ ಮುಗಿಯಿತು. ಅದಕ್ಕೂ ಮುಂಚೆ, 1946ರ ಏಪ್ರಿಲ್ ಚುನಾವಣೆಯಲ್ಲಿ ಹೆಂಗಸರು ಮೊದಲ ಸಲ ಮತ ಹಾಕಿ, 39 ಮಂದಿ ಮಹಿಳೆಯರು ಸಂಸತ್ತಿಗೆ ಬಂದಿದ್ದರು.

ಇನ್ನೊಂದು ಸಂಗತಿ ಸೆನ್ಸಾರ್. 1952ರವರೆಗೆ ದೇಶ ಮಿತ್ರಪಡೆಗಳ ಕೈಯಲ್ಲಿತ್ತು. 1945ರ ನವೆಂಬರಿನಲ್ಲೇ ಸಿನಿಮಾಗಳಲ್ಲಿ ಬರಕೂಡದ 13 ವಿಷಯಗಳ ಪಟ್ಟಿ ಸ್ಟುಡಿಯೊಗಳಿಗೆ ಹೋಗಿತ್ತು. ಸೇಡು, ಊಳಿಗಮಾನ್ಯ ನಿಷ್ಠೆ, ಹೆಂಗಸರ ದಮನವನ್ನು ಒಪ್ಪುವ ಕಥೆ ಇವೆಲ್ಲ ಅದರಲ್ಲಿದ್ದವು. ನಿಷೇಧದ ಜೊತೆಗೆ ಪ್ರೋತ್ಸಾಹವೂ ಇತ್ತು. ಪ್ರೀತಿಸುವವರು ಅದನ್ನು ಬಚ್ಚಿಡದೆ ತೋರಿಸಲಿ ಎಂಬ ಒತ್ತಾಯದ ಫಲವಾಗಿ 1946ರ ಮೇ ತಿಂಗಳಲ್ಲಿ ಬಿಡುಗಡೆಯಾದ ‘ಹತಾಚಿ ನೊ ಸೆಯಿಶುನ್’ ಚಿತ್ರದ ಚುಂಬನ ದೊಡ್ಡ ಸುದ್ದಿಯಾಯಿತು. ತುಟಿಗಳ ನಡುವೆ ಔಷಧಿ ಹಚ್ಚಿದ ತೆಳು ಗಾಜ್ ಬಟ್ಟೆ ಇಟ್ಟು ಚಿತ್ರೀಕರಿಸಿದರಂತೆ. ಸರ್ಕಾರಿ ಶಿಫಾರಸಿನ ಮೇಲೆ ಕೊಡುವ ಮುತ್ತು ಹೇಗಿರುತ್ತದೆ ಎಂದು ಊಹಿಸಿಕೊಳ್ಳಿ. ಆ ಚಿತ್ರವನ್ನು ಹುಡುಕಲು ಹೋಗಬೇಡಿ. ಸುದ್ದಿ ಗೊತ್ತಿದ್ದರೆ ಸಾಕು.

ಎರಡನೇ ಹೆಜ್ಜೆ: ಪಟ್ಟಿ ಮತ್ತು ಪುಸ್ತಕ

ಹುಡುಕಲು ಸುಲಭವಾಗಲೆಂದು ಇಂಗ್ಲಿಷ್ ಹೆಸರುಗಳನ್ನೇ ಬಳಸುತ್ತೇನೆ. ಕ್ರಮ ಹೀಗಿದೆ: ಅಕಿರಾ ಕುರೊಸಾವಾ ಅವರ ‘ಒನ್ ವಂಡರ್‌ಫುಲ್ ಸಂಡೆ’ (1947), ಓಜು ಅವರ ‘ಲೇಟ್ ಸ್ಪ್ರಿಂಗ್’ (1949) ಮತ್ತು ‘ಅರ್ಲಿ ಸಮ್ಮರ್’ (1951), ಕೊ ನಕಹಿರಾ ಅವರ ‘ಕ್ರೇಜ್ಡ್ ಫ್ರೂಟ್’ (1956), ಮತ್ತೆ ಓಜು ಅವರ ‘ಈಕ್ವಿನಾಕ್ಸ್ ಫ್ಲವರ್’ (1958), ನಗಿಸಾ ಓಶಿಮಾ ಅವರ ‘ಕ್ರುಯೆಲ್ ಸ್ಟೋರಿ ಆಫ್ ಯೂತ್’ (1960), ಕಿರಿಯೊ ಉರಯಾಮಾ ಅವರ ‘ಫೌಂಡ್ರಿ ಟೌನ್’ (1962). ಎಲ್ಲವೂ ಒಂದೂವರೆಯಿಂದ ಎರಡು ಗಂಟೆಯ ಆಸುಪಾಸಿನವು. ವರ್ಷದ ಕ್ರಮವನ್ನು ಕದಲಿಸಬೇಡಿ. ಓಜು ಅವರ ಮೂರನ್ನೂ ಒಟ್ಟಿಗೆ ನೋಡಿ ಮುಗಿಸಿಬಿಡೋಣ ಎಂಬ ಆಸೆ ಬರುತ್ತದೆ. ಹಾಗೆ ಮಾಡಿದರೆ ಅವರು ಕಾಲಕ್ಕೆ ಬೆನ್ನು ಹಾಕಿ ಕೂತ ಶಾಂತಮೂರ್ತಿಯಂತೆ ಕಾಣುತ್ತಾರೆ. ಅವರ ಸುತ್ತ ಕಟ್ಟಿರುವ ಝೆನ್ ಪ್ರಭಾವಳಿ ನನಗೆ ಮೊದಲಿನಿಂದಲೂ ಕಿರಿಕಿರಿ. ನಡುವೆ 1956ರ ಚಿತ್ರವನ್ನು ಇಟ್ಟು ನೋಡಿದರೆ, ಅವರು ದಿನಪತ್ರಿಕೆ ಓದುವ ಮನುಷ್ಯನಾಗಿದ್ದರು ಎಂದು ತಿಳಿಯುತ್ತದೆ.

ತದಾಶಿ ಇಮಾಯ್ ಅವರ ‘ದ ಬ್ಲೂ ಮೌಂಟನ್ಸ್’ (1949) ಉಪಶೀರ್ಷಿಕೆಯೊಂದಿಗೆ ಸಿಕ್ಕರೆ ಎರಡನೆಯ ವಾರಕ್ಕೆ ಸೇರಿಸಿ. ಸಣ್ಣ ಊರಿನ ಹೆಣ್ಣುಮಕ್ಕಳ ಶಾಲೆಯಲ್ಲಿ ಒಬ್ಬಳ ಹೆಸರಿಗೆ ಖೊಟ್ಟಿ ಪ್ರೇಮಪತ್ರ ಬರುತ್ತದೆ. ಹೊಸ ಶಿಕ್ಷಕಿ ಆ ಹುಡುಗಿಯ ಪರ ನಿಂತಾಗ ಊರಿನ ದೊಡ್ಡ ಮನುಷ್ಯರೆಲ್ಲ ಸಭೆ ಸೇರಿ, ಕಾಗುಣಿತ ತಪ್ಪಿದ ಆ ಪತ್ರವನ್ನು ಗಂಭೀರವಾಗಿ ಓದಿಸಿ ಚರ್ಚೆಗೆ ಕೂರುತ್ತಾರೆ. ಆ ಕಾಲದ ಭಾರೀ ಜನಪ್ರಿಯ ಚಿತ್ರವಿದು. ಇದರ ಹಾಡು ಇವತ್ತಿಗೂ ಜಪಾನಿನಲ್ಲಿ ಕೇಳಿಬರುತ್ತದೆ, ಕಥೆ ಮತ್ತೆ ಮತ್ತೆ ಮರುನಿರ್ಮಾಣಗೊಂಡಿದೆ. ಹೊಸ ಸಂವಿಧಾನದ ಉತ್ಸಾಹ ಸೈಕಲ್ ಏರಿ ಹೊರಟಂತಿದೆ ಇಡೀ ಚಿತ್ರ. ಸಿಗದಿದ್ದರೆ ಬೇಸರ ಬೇಡ, ಅದಿಲ್ಲದೆಯೂ ಕಥೆ ನಡೆಯುತ್ತದೆ.

ನೋಡುವಾಗ ಕೈಯಲ್ಲಿ ಒಂದು ನೋಟ್‌ಬುಕ್ ಇರಲಿ. ಪ್ರತಿ ಚಿತ್ರಕ್ಕೂ ಒಂದು ಪುಟ ಸಾಕು. ಮದುವೆಯ ಅಥವಾ ಸಂಬಂಧದ ಮಾತು ಬಂದಾಗಲೆಲ್ಲ ಮಾತನಾಡುತ್ತಿರುವವರು ಯಾರು, ಎಲ್ಲಿ ಕೂತಿದ್ದಾರೆ, ಆ ಹೊತ್ತಿಗೆ ಕೈಯಲ್ಲಿ ಏನಿದೆ ಎಂದು ಗೀಚಿಕೊಳ್ಳಿ. ಮೂರನೆಯದು ವಿಚಿತ್ರವಾಗಿ ಕಂಡೀತು. ಈ ನಿರ್ದೇಶಕರು ಹೇಳಬೇಕಾದ್ದನ್ನು ಹಣ್ಣು, ಬನ್ನು, ಕೇಕು, ಕಳಚಿ ಹಾಕಿದ ಕೋಟಿನ ಮೂಲಕ ಹೇಳುವವರು. ಆಮೇಲೆ ನಿಮಗೇ ಗೊತ್ತಾಗುತ್ತದೆ. ದಯವಿಟ್ಟು ಮೊಬೈಲಿನಲ್ಲಿ ನೋಡಬೇಡಿ. ಓಜು ಅವರ ಕ್ಯಾಮೆರಾ ನೆಲದ ಹತ್ತಿರ ಕೂತು ಕೋಣೆಯ ಆಚೆಗಿನ ಕೋಣೆಯನ್ನೂ ಒಟ್ಟಿಗೆ ತೋರಿಸುತ್ತದೆ, ಅಂಗೈ ಅಗಲದ ಪರದೆಯಲ್ಲಿ ಆ ಹಿಂದಿನ ಕೋಣೆ ಕಾಣಿಸುವುದೇ ಇಲ್ಲ.

ಮೂರನೇ ಹೆಜ್ಜೆ: ಹಿರಿಯರೇ ಇಲ್ಲದ ಭಾನುವಾರ

‘ಒನ್ ವಂಡರ್‌ಫುಲ್ ಸಂಡೆ’ಯಲ್ಲಿ ಯುಜೊ ಮತ್ತು ಮಸಾಕೊ ಎಂಬ ಜೋಡಿ. ಇಬ್ಬರ ಜೇಬೂ ಸೇರಿ 35 ಯೆನ್. ಅಷ್ಟರಲ್ಲಿ ಹಾಳುಬಿದ್ದ ಟೋಕಿಯೊದಲ್ಲಿ ಒಂದು ಭಾನುವಾರ ಕಳೆಯಬೇಕು. ಇವರ ಮದುವೆಗೆ ಅಡ್ಡ ನಿಂತ ಅಪ್ಪನಿಲ್ಲ, ಅತ್ತೆಯಿಲ್ಲ, ನೆಂಟರಿಲ್ಲ. ಅಡ್ಡಿಯಾಗಿರುವುದು ಮನೆ ಇಲ್ಲದಿರುವುದು. ಬಾಡಿಗೆಗೆ ಒಂದು ಕೋಣೆ ಹುಡುಕಿದರೆ ಅದಕ್ಕೂ ದುಡ್ಡಿಲ್ಲ. ಸಂಗೀತ ಕಛೇರಿಗೆ ಸರದಿಯಲ್ಲಿ ನಿಂತರೆ ಕಾಳಸಂತೆಯವರು ಅಗ್ಗದ ಟಿಕೆಟ್‌ಗಳನ್ನೆಲ್ಲ ಮೊದಲೇ ಕೊಂಡುಬಿಟ್ಟಿರುತ್ತಾರೆ.

ಇಲ್ಲಿ ಒಂದು ದೃಶ್ಯವನ್ನು ಗಮನವಿಟ್ಟು ನೋಡಿ. ಮಳೆಯಲ್ಲಿ ನೆನೆದು ಯುಜೊನ ಕೋಣೆಗೆ ಬಂದ ಮೇಲೆ ಅವನು ಅವಳನ್ನು ಬಯಸುತ್ತಾನೆ. ಅವಳು ಹೊರಟುಹೋಗುತ್ತಾಳೆ, ಮತ್ತೆ ಬಾಗಿಲಲ್ಲಿ ಬಂದು ನಿಂತು ಅಳುತ್ತಾಳೆ. ಹೊಸ ಕಾನೂನು ಅವರಿಬ್ಬರನ್ನೂ ಅವರ ಪಾಡಿಗೆ ಬಿಟ್ಟಿದೆ. ಆದರೆ ಆ ಬಿಡುಗಡೆಯನ್ನು ಹೇಗೆ ಬಳಸಬೇಕೆಂದು ಹೇಳಿಕೊಡುವವರು ಯಾರೂ ಇಲ್ಲ. ಕೊನೆಗೆ ಖಾಲಿ ಬಯಲು ರಂಗಮಂದಿರದಲ್ಲಿ ಮಸಾಕೊ ನೇರ ಕ್ಯಾಮೆರಾದತ್ತ ತಿರುಗಿ, ಬಡ ಪ್ರೇಮಿಗಳಿಗಾಗಿ ಚಪ್ಪಾಳೆ ತಟ್ಟಿ ಎಂದು ಪ್ರೇಕ್ಷಕರನ್ನು ಬೇಡುತ್ತಾಳೆ. ಗುಂಪಾಗಿ ನೋಡುತ್ತಿದ್ದರೆ ಈ ಘಳಿಗೆಯಲ್ಲಿ ತಟ್ಟುವವರು, ಮುಜುಗರಪಡುವವರು ಎಂದು ಎರಡು ಪಕ್ಷವಾಗುತ್ತದೆ. ನಾನು ಮುಜುಗರದ ಪಕ್ಷ.

ನಾಲ್ಕನೇ ಹೆಜ್ಜೆ: ಇಬ್ಬರು ನೊರಿಕೊಗಳು

ಇಲ್ಲಿ ನಿಧಾನ ಮಾಡಿ. ಎರಡು ವಾರ, ಎರಡು ಚಿತ್ರ, ಎರಡರಲ್ಲೂ ನಾಯಕಿಯ ಹೆಸರು ನೊರಿಕೊ, ಎರಡರಲ್ಲೂ ನಟಿ ಸೆತ್ಸುಕೊ ಹಾರಾ. ಆದರೆ ಕಥೆ ಬೇರೆ, ಮನೆ ಬೇರೆ.

ಮೊದಲು ‘ಮಿಆಯ್’ ಎಂಬ ಪದ್ಧತಿಯ ಬಗ್ಗೆ ಎರಡು ಮಾತು. ಕನ್ನಡ ಓದುಗರಿಗೆ ತಕ್ಷಣ ಹೊಳೆಯುವುದು ನಮ್ಮ ಹೆಣ್ಣು ನೋಡುವ ಶಾಸ್ತ್ರ. ಹೊಳೆಯಲಿ, ಆದರೆ ಉಪ್ಪಿಟ್ಟು ಕೇಸರಿಬಾತಿನ ತಟ್ಟೆ ಹಿಡಿದು ಹುಡುಗಿ ನಡುಮನೆಗೆ ಬರುವ ಚಿತ್ರವನ್ನು ತಲೆಯಿಂದ ತೆಗೆದುಹಾಕಿ. ಮಿಆಯ್‌ನಲ್ಲಿ ಮಧ್ಯಸ್ಥರೊಬ್ಬರು ಫೋಟೊ ಮತ್ತು ಪರಿಚಯಪತ್ರ ತಂದುಕೊಡುತ್ತಾರೆ. ಮುಖಾಮುಖಿ ಆಗುವುದು ಹೆಚ್ಚಾಗಿ ಹೊರಗೆ, ಊಟದ ಮನೆಯಲ್ಲೋ ನಾಟಕಶಾಲೆಯಲ್ಲೋ. ಬೇಡ ಎನ್ನುವುದಕ್ಕೂ ಅವಕಾಶವಿದೆ, ಆ ‘ಬೇಡ’ವನ್ನೂ ಮಧ್ಯಸ್ಥರೇ ಮುಟ್ಟಿಸುತ್ತಾರೆ. ಹಾಗಾಗಿ ಈ ಚಿತ್ರಗಳಲ್ಲಿ ಮಧ್ಯಸ್ಥರ ಓಡಾಟ ಬಹಳ ಮುಖ್ಯ.

‘ಲೇಟ್ ಸ್ಪ್ರಿಂಗ್’ನ ನೊರಿಕೊಗೆ 27. ಹೆಂಡತಿ ಇಲ್ಲದ ಪ್ರಾಧ್ಯಾಪಕ ತಂದೆಯನ್ನು ನೋಡಿಕೊಂಡು ಕಾಮಕುರಾದಲ್ಲಿದ್ದಾಳೆ, ಸುಖವಾಗಿದ್ದಾಳೆ. ಮದುವೆ ಬೇಕಾಗಿರುವುದು ಅವಳಿಗಲ್ಲ, ಸುತ್ತಲಿನವರಿಗೆ. ತಂದೆಯ ಸಹಾಯಕ ಹತ್ತೊರಿಯೊಡನೆ ಅವಳು ಕಡಲ ಪಕ್ಕದ ರಸ್ತೆಯಲ್ಲಿ ಸೈಕಲ್ ತುಳಿಯುವಾಗ ಬದಿಯಲ್ಲಿ ಕೋಕಾಕೋಲಾ ಫಲಕ ಹಾದುಹೋಗುತ್ತದೆ. ನೋಡುವವರಿಗೆ ಪ್ರೇಮಕಥೆ ಶುರುವಾಯಿತು ಅನ್ನಿಸಬೇಕು, ಅನ್ನಿಸುತ್ತದೆ. ಆದರೆ ಹತ್ತೊರಿಗೆ ಮದುವೆ ನಿಶ್ಚಯವಾಗಿದೆ, ಅದು ಅವಳಿಗೂ ಗೊತ್ತು. ಅಮೆರಿಕನ್ ಶೈಲಿಯ ಸ್ವಚ್ಛಂದ ಸೈಕಲ್ ಸವಾರಿ ಎಲ್ಲಿಗೂ ಮುಟ್ಟುವುದಿಲ್ಲ. ಕೆಲಸ ಸಾಧಿಸುವವಳು ಸೋದರತ್ತೆ ಮಸಾ. ಅವಳು ತಂದ ವರ ಹಾಲಿವುಡ್ ನಟ ಗ್ಯಾರಿ ಕೂಪರ್‌ನಂತೆ ಕಾಣುತ್ತಾನಂತೆ. ಆದರೆ ಹೆಸರು ಕುಮತಾರೊ, ಎದೆ ತುಂಬ ರೋಮವಿರುವ ಕರಡಿಯನ್ನು ನೆನಪಿಸುವ ಹಳೆಯ ಕಾಲದ ಹೆಸರು. ಮದುವೆಯಾದ ಮೇಲೆ ಅವನನ್ನು ಏನೆಂದು ಕರೆಯುವುದು ಎಂದು ಅತ್ತೆ ಗಂಭೀರವಾಗಿ ಚಿಂತೆ ಮಾಡುತ್ತಾಳೆ. ಈ ವರನನ್ನು ಓಜು ನಮಗೆ ಒಮ್ಮೆಯೂ ತೋರಿಸುವುದಿಲ್ಲ. ನಿಮ್ಮ ಪುಸ್ತಕದಲ್ಲಿ ಇದನ್ನು ದೊಡ್ಡದಾಗಿ ಬರೆದುಕೊಳ್ಳಿ: ಒಂದು ಮದುವೆಯ ಕಥೆ, ವರನೇ ಇಲ್ಲ.

ಗೆಳತಿ ಆಯಾಳ ಮೇಲೆ ಕಣ್ಣಿಡಿ. ಅವಳು ವಿಚ್ಛೇದಿತೆ, ಸ್ಟೆನೊ ಕೆಲಸ ಮಾಡಿ ಬದುಕುತ್ತಾಳೆ, ಕುರ್ಚಿ ಮೇಜಿನ ಕೋಣೆಯಲ್ಲಿರುತ್ತಾಳೆ. ಅಂಥವಳೇ ನೊರಿಕೊಗೆ ಮದುವೆಯಾಗು ಎಂದು ಬುದ್ಧಿ ಹೇಳುತ್ತಾಳೆ. ಗಂಡ ಸರಿಯಿಲ್ಲದಿದ್ದರೆ ಬಿಟ್ಟು ಬಂದರಾಯಿತು ಎಂಬುದು ಅವಳ ಧೋರಣೆ. ಕಾನೂನು ಕೊಟ್ಟದ್ದನ್ನು ಬಳಸಿಕೊಂಡವಳು ಇಡೀ ಚಿತ್ರದಲ್ಲಿ ಇವಳೊಬ್ಬಳೇ.

ಕೊನೆಗೆ ನೊರಿಕೊ ಒಪ್ಪುವುದು ತಂದೆಯ ಸುಳ್ಳಿಗೆ. ತಾನೂ ಮರುಮದುವೆಯಾಗುತ್ತೇನೆ ಎಂದು ಅವನು ಹೇಳುತ್ತಾನೆ. ಯಜಮಾನನ ಅಧಿಕಾರ ಹೋಗಿದೆ, ಆಜ್ಞೆ ಮಾಡುವಂತಿಲ್ಲ, ಹಾಗಾಗಿ ನಾಟಕ ಆಡಬೇಕಾಗಿದೆ. ಮಗಳ ಮದುವೆ ಮುಗಿಸಿ ಮನೆಗೆ ಬಂದ ಅವನು ಒಬ್ಬನೇ ಕೂತು ಸೇಬಿನ ಸಿಪ್ಪೆ ಸುಲಿಯುತ್ತಾನೆ. ಉದ್ದನೆಯ ಸಿಪ್ಪೆ ಇಳಿಯುತ್ತ ಇಳಿಯುತ್ತ ಬೀಳುತ್ತದೆ, ತಲೆ ಬಾಗುತ್ತದೆ. ಈ ಸೇಬನ್ನು ನೆನಪಿಟ್ಟುಕೊಳ್ಳಿ, ಆರನೆಯ ವಾರಕ್ಕೆ ಬೇಕಾಗುತ್ತದೆ.

ಸೆನ್ಸಾರ್ ಈ ಚಿತ್ರದಲ್ಲೂ ಕೈಯಾಡಿಸಿತ್ತು. ಟೋಕಿಯೊದಲ್ಲಿ ಬಾಂಬಿಗೆ ಸುಟ್ಟ ಜಾಗಗಳೇ ತುಂಬಿವೆ ಎಂಬರ್ಥದ ಮಾತು, ಟೋಕಿಯೊ ಧೂಳುಮಯ ಎಂದು ಬದಲಾಯಿತು. ಚಿತ್ರ ಅಷ್ಟೊಂದು ನಿರಾಳವಾಗಿ, ಯುದ್ಧವೇ ನಡೆದಿಲ್ಲವೆಂಬಂತೆ ಯಾಕೆ ಕಾಣುತ್ತದೆ ಎಂದು ಕೇಳುವವರಿಗೆ ಉತ್ತರದ ಒಂದು ತುಂಡು ಇದು.

ಮುಂದಿನ ವಾರ ‘ಅರ್ಲಿ ಸಮ್ಮರ್’. ಈ ನೊರಿಕೊಗೆ 28, ಕಚೇರಿಯಲ್ಲಿ ಕೆಲಸ, ಸ್ವಂತ ಸಂಬಳ. ಕೆಲಸದಿಂದ ಬರುವಾಗ ದುಬಾರಿ ಕೇಕ್ ತಂದು ಅತ್ತಿಗೆಯೊಡನೆ ರಾತ್ರಿ ಹೊತ್ತು ಮಕ್ಕಳಿಗೆ ಗೊತ್ತಾಗದಂತೆ ತಿನ್ನುವ ಹೆಣ್ಣು ಇವಳು. ಆಫೀಸಿನ ಮೇಲಧಿಕಾರಿಯೇ ಒಂದು ಸಂಬಂಧ ತರುತ್ತಾನೆ. ವರ ಸ್ಥಿತಿವಂತ, ವಯಸ್ಸು ಮಾತ್ರ ನಲವತ್ತು ದಾಟಿದೆ. ವೈದ್ಯನಾದ ಅಣ್ಣನಿಗೆ ಒಪ್ಪಿಗೆ. ಮನೆಯೆಲ್ಲ ಲೆಕ್ಕಾಚಾರದಲ್ಲಿ ತೊಡಗಿರುವಾಗ ನೊರಿಕೊ ಪಕ್ಕದ ಮನೆಗೆ ಹೋಗುತ್ತಾಳೆ. ಅಲ್ಲಿರುವ ಕೆಂಕಿಚಿ ಯುದ್ಧದಿಂದ ಹಿಂದಿರುಗದ ಅವಳ ಇನ್ನೊಬ್ಬ ಅಣ್ಣನ ಗೆಳೆಯ, ವಿಧುರ, ಒಂದು ಪುಟ್ಟ ಹೆಣ್ಣುಮಗು. ಕೆಲಸದ ಮೇಲೆ ದೂರದ ಅಕಿತಾಕ್ಕೆ ಹೊರಟಿದ್ದಾನೆ. ಆ ಹೊತ್ತಿನಲ್ಲಿ ಅವನು ಮನೆಯಲ್ಲಿಲ್ಲ, ತಾಯಿ ಒಬ್ಬಳೇ. ಸಿಟ್ಟು ಮಾಡಿಕೊಳ್ಳಬೇಡ, ನಿನ್ನಂಥವಳು ನನ್ನ ಮಗನಿಗೆ ಹೆಂಡತಿಯಾಗಿದ್ದರೆ ಎಷ್ಟು ಚೆನ್ನಾಗಿತ್ತು ಎಂದು ಆಕೆ ಸುಮ್ಮನೆ ಮನಸ್ಸಿನ ಆಸೆ ಹೇಳುತ್ತಾಳೆ. ನೊರಿಕೊ, ನನ್ನಂಥವಳು ಆಗಬಹುದಾದರೆ ಎನ್ನುತ್ತಾಳೆ. ಆ ತಾಯಿಗೆ ನಂಬಿಕೆಯೇ ಬರುವುದಿಲ್ಲ. ಕಣ್ಣಲ್ಲಿ ನೀರು, ಬಾಯಲ್ಲಿ ಏನು ಮಾತಾಡಬೇಕೋ ತಿಳಿಯದೆ, ಹೂರಣದ ಬನ್ನು ತಿನ್ನುತ್ತೀಯಾ ಎಂದು ಕೇಳುತ್ತಾಳೆ.

ಈ ದೃಶ್ಯವನ್ನು ಎರಡು ಸಲ ನೋಡಿ, ಎರಡನೆಯ ಸಲ ಉಪಶೀರ್ಷಿಕೆ ಇಲ್ಲದೆ. ಇದು ಹಿರಿಯರು ನಿಶ್ಚಯಿಸಿದ ಮದುವೆಯೋ? ಮಧ್ಯಸ್ಥರಿಲ್ಲ, ಫೋಟೊ ಇಲ್ಲ, ಹುಡುಗಿಯ ಮನೆಯವರಿಗೆ ಸುದ್ದಿಯೇ ಇಲ್ಲ. ಪ್ರೇಮವಿವಾಹವೋ? ಇಬ್ಬರ ನಡುವೆ ಪ್ರೀತಿಯ ಒಂದು ಮಾತೂ ಆಗಿಲ್ಲ, ವರನಿಗೆ ವಿಷಯ ತಿಳಿಯುವುದೇ ಮನೆಗೆ ಬಂದ ಮೇಲೆ. ಇಬ್ಬರು ಹೆಂಗಸರು ಎರಡು ನಿಮಿಷದಲ್ಲಿ ಎರಡು ಮನೆಗಳ ಭವಿಷ್ಯ ತೀರ್ಮಾನಿಸುತ್ತಾರೆ. ಅತ್ತ ಅಣ್ಣ ಕೆರಳುತ್ತಾನೆ, ತಂದೆತಾಯಿ ಮುಖ ಸಪ್ಪಗೆ ಮಾಡುತ್ತಾರೆ. ನೊರಿಕೊ ವಾದಕ್ಕೇ ಇಳಿಯುವುದಿಲ್ಲ. ಅವಳು ತೀರ್ಮಾನ ಮಾಡಿ ಆಗಿದೆ. 24ನೇ ವಿಧಿಯ ಹೆಸರೆತ್ತದೆ ಅದನ್ನು ಜಾರಿಗೆ ತಂದ ದೃಶ್ಯ ಇದಕ್ಕಿಂತ ಚೆನ್ನಾಗಿರುವುದನ್ನು ನಾನು ಆ ಕಾಲದ ಬೇರೆ ಯಾವ ಚಿತ್ರದಲ್ಲೂ ಕಂಡಿಲ್ಲ. ಅದರ ಬೆಲೆಯನ್ನೂ ಓಜು ಮುಚ್ಚಿಡುವುದಿಲ್ಲ: ಅವಳ ಸಂಬಳ ನಿಂತೊಡನೆ ಒಟ್ಟು ಕುಟುಂಬ ಒಡೆಯುತ್ತದೆ, ಮುದುಕ ಮುದುಕಿ ಯಮಾತೊದ ಹಳ್ಳಿಗೆ ಹೋಗುತ್ತಾರೆ.

ಐದನೇ ಹೆಜ್ಜೆ: 1956ರ ಕಡಲತೀರ

ಶಿಂತಾರೊ ಇಶಿಹಾರಾ ಎಂಬ ವಿದ್ಯಾರ್ಥಿಯ ನೀಳ್ಗತೆಗೆ 1956ರ ಜನವರಿಯಲ್ಲಿ ಅಕುತಗಾವಾ ಪ್ರಶಸ್ತಿ ಬಂತು. ಹಣವಂತರ ಮಕ್ಕಳು, ದೋಣಿ, ಬಾಕ್ಸಿಂಗ್, ಹೆಣ್ಣುಗಳ ಬೆನ್ನು ಹತ್ತುವುದು. ಅದೇ ವರ್ಷದ ಬೇಸಿಗೆಯೊಳಗೆ ಅವರ ಕಥೆಗಳಿಂದ ಮೂರು ಚಿತ್ರಗಳು ತೆರೆಗೆ ಬಂದವು. ಹುಡುಗರು ಶಿಂತಾರೊ ಮಾದರಿಯ ಕಟಿಂಗ್ ಮಾಡಿಸಿಕೊಂಡರು, ಪತ್ರಿಕೆಗಳು ‘ಸೂರ್ಯನ ಕುಲ’ ಎಂಬರ್ಥದ ‘ತಾಯೊಜೊಕು’ ಎಂಬ ಹೆಸರು ಹಚ್ಚಿದವು. ಪೋಷಕರ ಸಂಘಗಳು, ಮಹಿಳಾ ಸಂಘಟನೆಗಳು ಬೀದಿಗಿಳಿದವು. ಸಿನಿಮಾ ಉದ್ಯಮ ತಾನೇ ನಡೆಸುತ್ತಿದ್ದ ‘ಎಯಿರಿನ್’ ಎಂಬ ಪರಿಶೀಲನಾ ಸಂಸ್ಥೆಗೆ ಹೊರಗಿನವರನ್ನು ಸೇರಿಸಿ ಪುನರ್ರಚಿಸಬೇಕಾಯಿತು.

‘ಕ್ರೇಜ್ಡ್ ಫ್ರೂಟ್’ ಈ ಗುಂಪಿನ ಅತ್ಯುತ್ತಮ ಚಿತ್ರ. ಶೋನಾನ್ ಕಡಲತೀರದಲ್ಲಿ ಇಬ್ಬರು ಅಣ್ಣತಮ್ಮಂದಿರು, ಅವರಿಬ್ಬರ ನಡುವೆ ಎರಿ ಎಂಬ ಹೆಣ್ಣು, ಅವಳಿಗಾಗಲೇ ವಿದೇಶಿ ಗಂಡನಿದ್ದಾನೆ. ಅಣ್ಣನ ಪಾತ್ರದಲ್ಲಿ ಶಿಂತಾರೊ ಅವರ ಸ್ವಂತ ತಮ್ಮ ಯುಜಿರೊ. ಮುಂದೆ ಈತ ಜಪಾನಿನ ಭಾರೀ ತಾರೆಯಾದರು. ಸಂಗೀತದಲ್ಲಿ ತೊರು ತಕೆಮಿತ್ಸು ಅವರ ಕೈಯಿದೆ. ಒಂದೂವರೆ ಗಂಟೆಯೂ ಇಲ್ಲದ ಈ ಚಿತ್ರ ಕಣ್ಣು ಮಿಟುಕಿಸಲು ಬಿಡುವುದಿಲ್ಲ.

ಆದರೆ ನೋಟ್‌ಬುಕ್ ತೆಗೆಯಿರಿ. ಮದುವೆಯ ಮಾತು ಯಾರ ಬಾಯಲ್ಲಿ? ಯಾರ ಬಾಯಲ್ಲೂ ಇಲ್ಲ. ತಂದೆತಾಯಿ ಹೆಸರಿಗಷ್ಟೇ. ಹಾಗಿದ್ದರೆ ರೂಢಿ ಕುಸಿಯಿತೇ? ಎರಿಯನ್ನು ನೋಡಿ. ಅವಳಿಗೆ ಏನು ಬೇಕು ಎಂದು ಈ ಹುಡುಗರು ಕೇಳುವುದೇ ಇಲ್ಲ. ಅವಳು ಯಾರ ಪಾಲಿಗೆ ಎಂಬುದಷ್ಟೇ ಅವರ ಪ್ರಶ್ನೆ. ಮನೆಯ ಯಜಮಾನ ಹೋದ ಜಾಗದಲ್ಲಿ ಈಜುಡುಗೆ ತೊಟ್ಟ ಯಜಮಾನರು ಬಂದಿದ್ದಾರೆ. ಆ ವರ್ಷ ಗದ್ದಲವೆಬ್ಬಿಸಿದ ಹಿರಿಯರು ಹೆದರಿದ್ದು ತಪ್ಪು ಕಾರಣಕ್ಕೆ ಎಂದು ನನ್ನ ಅಭಿಪ್ರಾಯ.

ಆರನೇ ಹೆಜ್ಜೆ: ಭಾಷಣ ಬಿಗಿದ ಅಪ್ಪ

‘ಈಕ್ವಿನಾಕ್ಸ್ ಫ್ಲವರ್’ ಓಜು ಅವರ ಮೊದಲ ವರ್ಣಚಿತ್ರ. ಕೆಂಪು ಕೆಟಲ್ ಒಂದು ಚೌಕಟ್ಟಿನಿಂದ ಚೌಕಟ್ಟಿಗೆ ಜಾಗ ಬದಲಿಸುತ್ತಿರುತ್ತದೆ, ಅದರ ಹಿಂದೆ ಬಿದ್ದು ಕಥೆ ತಪ್ಪಿಸಿಕೊಳ್ಳಬೇಡಿ. ಆರಂಭದಲ್ಲೇ ಕಂಪನಿಯ ದೊಡ್ಡ ಹುದ್ದೆಯ ಹಿರಯಾಮಾ ಗೆಳೆಯನ ಮಗಳ ಮದುವೆಯಲ್ಲಿ ಭಾಷಣ ಮಾಡುತ್ತಾನೆ. ನಮ್ಮ ಕಾಲದಲ್ಲಿ ಹಿರಿಯರು ಹೇಳಿದಲ್ಲಿ ಮದುವೆಯಾದೆವು, ಪ್ರೀತಿಸಿ ಮದುವೆಯಾದ ನಿಮ್ಮನ್ನು ಕಂಡರೆ ಹೊಟ್ಟೆಕಿಚ್ಚಾಗುತ್ತದೆ ಎನ್ನುವ ಧಾಟಿ. ಪಕ್ಕದಲ್ಲಿ ಹೆಂಡತಿ ಕೂತು ಕೇಳುತ್ತಿದ್ದಾಳೆ. ಕೆಲವೇ ದಿನಗಳಲ್ಲಿ ತನಿಗುಚಿ ಎಂಬ ಯುವಕ ನೇರ ಅವನ ಆಫೀಸಿಗೆ ಬಂದು, ನನಗೆ ಹಿರೊಶಿಮಾಕ್ಕೆ ವರ್ಗವಾಗಿದೆ, ನಿಮ್ಮ ಮಗಳನ್ನು ಮದುವೆಯಾಗಬೇಕು ಎನ್ನುತ್ತಾನೆ. ಹಿರಯಾಮಾನ ಉದಾರವಾದ ಅಲ್ಲಿಗೆ ಮುಗಿಯಿತು.

ನಗುತ್ತ ನೋಡಬೇಕಾದ ಚಿತ್ರ ಇದು. ಅವನಿಗೆ ಹುಡುಗನಲ್ಲಿ ಕಾಣುವ ದೋಷವೇನೂ ಇಲ್ಲ. ತನಗೆ ಮೊದಲು ಹೇಳಲಿಲ್ಲ ಎಂಬುದೊಂದೇ ಸಂಕಟ. ಕ್ಯೋಟೊದ ಪರಿಚಿತರ ಮಗಳು ಯುಕಿಕೊ, ತಾಯಿ ಒಪ್ಪದ ಹುಡುಗನನ್ನು ನಾನು ಮದುವೆಯಾಗಬಹುದೇ ಎಂದು ಅವನನ್ನು ಕೇಳುತ್ತಾಳೆ. ಬೇರೆಯವರ ಮಗಳಾದ್ದರಿಂದ ಅವನು ಧಾರಾಳವಾಗಿ, ಆಗು ಎನ್ನುತ್ತಾನೆ. ತಕ್ಷಣ ಅವಳು, ಇದು ನನ್ನ ಕಥೆಯಲ್ಲ, ನಿಮ್ಮ ಮಗಳದ್ದು, ನಿಮ್ಮ ಒಪ್ಪಿಗೆ ಸಿಕ್ಕಿತು ಎಂದು ಸುದ್ದಿ ಮುಟ್ಟಿಸಲು ಓಡುತ್ತಾಳೆ. ‘ಲೇಟ್ ಸ್ಪ್ರಿಂಗ್’ನಲ್ಲಿ ತಂದೆ ಸುಳ್ಳು ಹೇಳಿ ಮಗಳನ್ನು ಒಪ್ಪಿಸಿದ. ಒಂಬತ್ತು ವರ್ಷ ಕಳೆದ ಮೇಲೆ ಹುಡುಗಿಯರು ಸುಳ್ಳು ಹೇಳಿ ತಂದೆಯನ್ನು ಒಪ್ಪಿಸುತ್ತಾರೆ. ಬದಲಾವಣೆಯ ಅಳತೆ ಬೇಕಾದವರಿಗೆ ಇದು ಸಾಕು.

ಇನ್ನೊಂದು ಸಂಗತಿ ಕಣ್ಣು ತಪ್ಪಬಾರದು. ಹಿರಯಾಮಾ ಆಫೀಸಿನಿಂದ ಬಂದು ಕೋಟು, ಟೈ, ಷರ್ಟು ಕಳಚಿ ನೆಲದ ಮೇಲೆ ಬಿಸಾಡುತ್ತಾನೆ, ಹೆಂಡತಿ ಕಿಯೊಕೊ ಮಾತಾಡುತ್ತಲೇ ಒಂದೊಂದನ್ನು ಎತ್ತಿ ಮಡಿಸುತ್ತಾಳೆ. ಮಗಳ ಮದುವೆಯ ವಾದ ನಡೆಯುವುದೂ ಇದೇ ಹೊತ್ತಿನಲ್ಲಿ. ಮಗಳ ಹಕ್ಕಿಗಾಗಿ ಗಂಡನ ಅಸಂಗತ ನಿಲುವನ್ನು ಎತ್ತಿ ಆಡುವ ಅದೇ ಹೆಂಗಸಿನ ಕೈಯಲ್ಲಿ ಅವನ ಬಟ್ಟೆ ಇದೆ. ಹಕೊನೆಯ ಸರೋವರದ ದಂಡೆಯಲ್ಲಿ ಅವಳು, ಬಾಂಬ್ ದಾಳಿಯ ಕಾಲದಲ್ಲಿ ನಾವು ನಾಲ್ವರೂ ಆಶ್ರಯಗುಂಡಿಯಲ್ಲಿ ಒಟ್ಟಿಗಿದ್ದೆವಲ್ಲ, ಆಗಲೇ ಸುಖವಾಗಿದ್ದೆ ಅನ್ನಿಸುತ್ತದೆ ಎನ್ನುತ್ತಾಳೆ. ಗಂಡನಿಗೆ ಆ ಕಾಲದ ನೆನಪೇ ಬೇಡ. ಮಕ್ಕಳ ತಲೆಮಾರಿಗೆ ಸಿಕ್ಕ ಹೊಸ ಬದುಕಿನಲ್ಲಿ ಇವಳ ಪಾಲು ಎಷ್ಟು ಎಂಬ ಲೆಕ್ಕ ಆ ಒಂದು ಮಾತಿನಲ್ಲಿದೆ.

ಏಳನೇ ಹೆಜ್ಜೆ: ಇನ್ನೊಂದು ಸೇಬು

ಎಚ್ಚರಿಕೆಯ ಮಾತು ಮೊದಲು. ‘ಕ್ರುಯೆಲ್ ಸ್ಟೋರಿ ಆಫ್ ಯೂತ್’ನಲ್ಲಿ ಹೆಣ್ಣಿನ ಮೇಲಿನ ಹಿಂಸೆ ಇದೆ. ಮರದ ದಿಮ್ಮಿಗಳು ತೇಲ ಬಿಟ್ಟ ನೀರಿನಲ್ಲಿ ನಡೆಯುವ ದೃಶ್ಯ ನೋಡುವುದೇ ಕಷ್ಟ. ಗುಂಪಾಗಿ ನೋಡುವುದಾದರೆ ಮೊದಲೇ ತಿಳಿಸಿಬಿಡಿ.

1960ರ ಬೇಸಿಗೆ. ಅಮೆರಿಕದೊಡನೆ ಭದ್ರತಾ ಒಪ್ಪಂದ ನವೀಕರಿಸುವುದರ ವಿರುದ್ಧ ಟೋಕಿಯೊ ಬೀದಿಗಳಲ್ಲಿ ಲಕ್ಷಾಂತರ ಜನ. ಜೂನ್ 15ರಂದು ಸಂಸತ್ತಿನ ಬಳಿ ನಡೆದ ಘರ್ಷಣೆಯಲ್ಲಿ ವಿದ್ಯಾರ್ಥಿನಿ ಮಿಚಿಕೊ ಕಂಬಾ ಸತ್ತರು. ಚಿತ್ರ ತೆರೆಗೆ ಬಂದದ್ದು ಅದೇ ತಿಂಗಳು. ಓಶಿಮಾ ಅವರಿಗೆ ಆಗ 28, ಸ್ಟುಡಿಯೊ ಶೋಚಿಕು, ಅಂದರೆ ಓಜು ಅವರದೇ ಸ್ಟುಡಿಯೊ. ಮಕೊತೊ ಎಂಬ ಹುಡುಗಿ ಮತ್ತು ಕಿಯೊಶಿ ಎಂಬ ಹುಡುಗ ನಡುವಯಸ್ಸಿನ ಕಾರುಸವಾರರನ್ನು ಬಲೆಗೆ ಬೀಳಿಸಿ ದುಡ್ಡು ಕಿತ್ತು ಬದುಕುತ್ತಾರೆ. ಮೆರವಣಿಗೆಯನ್ನು ಪಕ್ಕದಲ್ಲಿ ನಿಂತು ನೋಡುತ್ತಾರೆ, ಸೇರುವುದಿಲ್ಲ.

ಇಲ್ಲಿ ಮೂರು ತಲೆಮಾರುಗಳಿವೆ. ಕೈಲಾಗದ ತಂದೆ, ಯುದ್ಧ ಮುಗಿದ ಹೊಸತರಲ್ಲಿ ಲೋಕ ಬದಲಿಸಲು ಹೊರಟು ಸೋತ ಅಕ್ಕ ಯುಕಿ ಮತ್ತು ಅವಳ ಹಳೆಯ ಪ್ರಿಯ, ಬಡವರ ವೈದ್ಯ ಅಕಿಮೊತೊ, ಆಮೇಲೆ ಮಕೊತೊ. ‘ಬ್ಲೂ ಮೌಂಟನ್ಸ್’ನ ಸೈಕಲ್ ಸವಾರರು ಹತ್ತು ವರ್ಷದ ನಂತರ ಏನಾದರು ಎಂದು ಕೇಳಿದರೆ, ಅಕ್ಕನನ್ನು ತೋರಿಸಬಹುದು.

ಗರ್ಭಪಾತದ ನಂತರ ಅಕಿಮೊತೊನ ದವಾಖಾನೆಯ ಕತ್ತಲೆಯಲ್ಲಿ ಮಕೊತೊ ಮಲಗಿದ್ದಾಳೆ. ಪಕ್ಕದಲ್ಲಿ ಕಿಯೊಶಿ. ಆಚೆ ಅಕ್ಕ ಮತ್ತು ವೈದ್ಯ ತಮ್ಮ ಸೋತ ಯೌವನದ ಬಗ್ಗೆ ಮಾತಾಡುತ್ತಿದ್ದಾರೆ. ಆಮೇಲೆ ಕಿಯೊಶಿ ಒಂದು ಸೇಬು ತಿನ್ನುತ್ತಾನೆ. ಕ್ಯಾಮೆರಾ ಅವನ ಮುಖದಿಂದ ಕದಲುವುದಿಲ್ಲ. ಕಚ್ಚುವ, ಜಗಿಯುವ ಸದ್ದು. ಮುಗಿಯಿತು ಅಂದುಕೊಂಡರೆ ಮತ್ತೊಂದು ಕಡಿತ. 1949ರ ಅಪ್ಪ ಚಾಕುವಿನಿಂದ ಸಿಪ್ಪೆ ತೆಗೆದು ತಿನ್ನಲಾಗದೆ ತಲೆ ಬಾಗಿಸಿದ್ದ. ಈ ಹುಡುಗ ಸಿಪ್ಪೆಸಹಿತ, ಕೊನೆಯವರೆಗೆ ತಿನ್ನುತ್ತಾನೆ. ಓಶಿಮಾ ಉತ್ತರ ಕೊಡಲೆಂದೇ ಹೀಗೆ ಮಾಡಿದರು ಎಂದು ನಾನು ಹೇಳಲಾರೆ. ಆದರೆ ಎರಡೂ ದೃಶ್ಯಗಳನ್ನು ಒಂದೇ ಸಂಜೆ ಹಿಂದುಮುಂದಾಗಿ ಹಾಕಿ ನೋಡಿ. ಇಡೀ ಯೋಜನೆಯಲ್ಲಿ ಅತಿ ಹೆಚ್ಚು ಮಾತುಕತೆ ಹುಟ್ಟಿಸುವ ಹತ್ತು ನಿಮಿಷ ಅದು.

ಅದೇ ವರ್ಷ ಅಕ್ಟೋಬರಿನಲ್ಲಿ ಓಶಿಮಾ ಅವರ ಇನ್ನೊಂದು ಚಿತ್ರವನ್ನು, ವಿದ್ಯಾರ್ಥಿ ಚಳವಳಿಯೊಳಗಿನ ಒಡಕಿನ ಕುರಿತ ‘ನೈಟ್ ಅಂಡ್ ಫಾಗ್ ಇನ್ ಜಪಾನ್’ ಅನ್ನು, ಶೋಚಿಕು ಕೆಲವೇ ದಿನಗಳಲ್ಲಿ ಚಿತ್ರಮಂದಿರಗಳಿಂದ ವಾಪಸು ಪಡೆಯಿತು. ಅದರಲ್ಲಿ ಇಡೀ ಚರ್ಚೆ ನಡೆಯುವುದು ಒಂದು ಮದುವೆಯ ಸಮಾರಂಭದಲ್ಲಿ. ನಮ್ಮ ಎಳೆಗೆ ಸರಿಯಾಗಿ ಹೊಂದುತ್ತದಾದರೂ ರಾಜಕೀಯ ಹಿನ್ನೆಲೆ ಓದಿಕೊಂಡವರಿಗೆ ಮಾತ್ರ ದಕ್ಕುವ ಚಿತ್ರ ಅದು.

ಎಂಟನೇ ಹೆಜ್ಜೆ: ಮದುವೆಯ ಆಚೆ

ಕೊನೆಯ ವಾರದ ‘ಫೌಂಡ್ರಿ ಟೌನ್’ನಲ್ಲಿ ಪ್ರಶ್ನೆಯೇ ಬದಲಾಗುತ್ತದೆ. ಟೋಕಿಯೊ ಪಕ್ಕದ ಕವಾಗುಚಿ, ಎರಕದ ಕುಲುಮೆಗಳ ಊರು. ಜುನ್ ಮಿಡ್ಲ್ ಸ್ಕೂಲಿನ ಕೊನೆಯ ವರ್ಷದಲ್ಲಿದ್ದಾಳೆ. ಹೊಸ ಪದ್ಧತಿಯಲ್ಲಿ ಕಡ್ಡಾಯ ಶಿಕ್ಷಣ ಒಂಬತ್ತು ವರ್ಷ, ಅಲ್ಲಿಂದ ಮುಂದೆ ಮನೆಯವರ ಶಕ್ತಿ. ಎರಕದ ಕೆಲಸಗಾರ ತಂದೆಗೆ ಕೆಲಸ ಹೋಗಿದೆ, ಕುಡಿತ ಇದೆ, ಯೂನಿಯನ್ ನೆರವು ಬೇಡವೆನ್ನುವ ಹಳೆಯ ಕಾಲದ ಬಿಂಕವೂ ಇದೆ. ಹೈಸ್ಕೂಲಿನ ಖರ್ಚಿಗಾಗಿ ಅವಳು ಪಚಿಂಕೊ ಜೂಜಿನ ಅಂಗಡಿಯಲ್ಲಿ ಕೆಲಸ ಮಾಡುತ್ತಾಳೆ. ಸಯೂರಿ ಯೋಶಿನಾಗಾ ಆಗ 17ರ ಹರೆಯದವರು, ಓಟದಲ್ಲೇ ಅಭಿನಯಿಸುತ್ತಾರೆ. ಜುನ್ ಗೆಳತಿ ಕೊರಿಯನ್ ಮೂಲದವಳು. ಅವಳ ಕುಟುಂಬ ಉತ್ತರ ಕೊರಿಯಾಕ್ಕೆ ಹೊರಡುವ ಬೀಳ್ಕೊಡುಗೆ ಅಂದಿನ ಆಶಾಭಾವದಲ್ಲಿ ಚಿತ್ರಿತವಾಗಿದೆ. ಇಂದು ನೋಡುವವರಿಗೆ ಅದು ಬೇರೆಯೇ ಭಾರದೊಂದಿಗೆ ಬರುತ್ತದೆ.

ಓಜು ಅವರ ಹುಡುಗಿಯರ ಮನೆಗಳಲ್ಲಿ ಯಾರಿಗೂ ಹಸಿವಿರಲಿಲ್ಲ ಎಂಬುದನ್ನು ಈ ಚಿತ್ರ ನೆನಪಿಸುತ್ತದೆ. ಯಾರನ್ನು ಮದುವೆಯಾಗಲಿ ಎಂಬ ಪ್ರಶ್ನೆ ಕೇಳಿಕೊಳ್ಳಲು ಮೊದಲು ಒಂದು ಸ್ಥಾನ ಬೇಕು. ಜುನ್ ಆ ಸ್ಥಾನಕ್ಕಾಗಿ ಲೆಕ್ಕ ಹಾಕುತ್ತಿದ್ದಾಳೆ: ಹಗಲು ಕಾರ್ಖಾನೆ, ಸಂಜೆ ಶಾಲೆ. ಜಪಾನಿನಲ್ಲಿ ಪ್ರೇಮವಿವಾಹಗಳ ಸಂಖ್ಯೆ ಹಿರಿಯರು ನಿಶ್ಚಯಿಸಿದ ಮದುವೆಗಳನ್ನು ಮೀರಿದ್ದು 1960ರ ದಶಕದ ಕೊನೆಯ ಭಾಗದಲ್ಲಿ, ಅಂದರೆ ಜುನ್ ವಯಸ್ಸಿನವರು ಮದುವೆಯಾಗುವ ಹೊತ್ತಿಗೆ. ಕಾನೂನು ಬಂದು ಇಪ್ಪತ್ತು ವರ್ಷ ಆಗಿತ್ತು.

ಇನ್ನೂ ಬೇಕೆನ್ನುವವರಿಗೆ

ಯಸುಜೊ ಮಸುಮುರಾ ಅವರ ‘ಕಿಸಸ್’ (1957) ಒಂದೂಕಾಲು ಗಂಟೆಯ ಚಿತ್ರ, ಜೈಲಿನಲ್ಲಿರುವ ತಂದೆಯರನ್ನು ನೋಡಲು ಹೋದ ಹುಡುಗ ಹುಡುಗಿಯ ಭೇಟಿಯಿಂದ ಶುರು. ‘ಕ್ರೇಜ್ಡ್ ಫ್ರೂಟ್’ ಬೇಸರ ತರಿಸಿದವರಿಗೆ ಇದು ಹಿಡಿಸುತ್ತದೆ. ಕೆಯಿಸುಕೆ ಕಿನೊಶಿತಾ ಅವರ ‘ಎ ಜಾಪನೀಸ್ ಟ್ರಾಜಿಡಿ’ (1953) ಮಕ್ಕಳಿಗಾಗಿ ಸವೆದು ಅವರಿಂದಲೇ ತಿರಸ್ಕಾರಕ್ಕೊಳಗಾದ ತಾಯಿಯ ಕಥೆ. ಯುವಕರ ಪರವಾಗಿಯೇ ಯೋಚಿಸಿ ದಣಿದ ಮೇಲೆ ನೋಡಿ. ಶೋಹೆಯಿ ಇಮಾಮುರಾ ಅವರ ‘ಪಿಗ್ಸ್ ಅಂಡ್ ಬ್ಯಾಟಲ್‌ಶಿಪ್ಸ್’ (1961) ಅಮೆರಿಕನ್ ನೌಕಾನೆಲೆಯ ಊರಾದ ಯೊಕೊಸುಕಾದ್ದು, ಅದರ ನಾಯಕಿ ಹರುಕೊ ಈ ಎಲ್ಲ ಹುಡುಗಿಯರಲ್ಲಿ ಗಟ್ಟಿಗಿತ್ತಿ.

ಮನೆಯಲ್ಲಿ ಮಕ್ಕಳಿದ್ದರೆ ಅವರನ್ನು ಹೊರಗಿಡಬೇಡಿ. ಓಜು ಅವರ ‘ಗುಡ್ ಮಾರ್ನಿಂಗ್’ (1959) ಹಾಕಿ. ಟಿವಿ ಕೊಡಿಸಲಿಲ್ಲವೆಂದು ಇಬ್ಬರು ಹುಡುಗರು ಮೌನ ಮುಷ್ಕರ ಹೂಡುತ್ತಾರೆ. ದೊಡ್ಡವರು ಬೆಳಗಾದರೆ ನಮಸ್ಕಾರ, ಹವೆ ಚೆನ್ನಾಗಿದೆ ಎಂದು ಹರಟುವುದು ಮಾತ್ರ ವ್ಯರ್ಥವಲ್ಲವೋ ಎಂಬುದು ಅವರ ವಾದ. ಕೊನೆಗೆ ಟಿವಿ ಬರುತ್ತದೆ. ಆ ಚಿತ್ರದ ಹಿಂದಿನ ವರ್ಷ, 1958ರಲ್ಲಿ, ಜಪಾನಿನ ಚಿತ್ರಮಂದಿರಗಳಲ್ಲಿ ಮಾರಾಟವಾದ ಟಿಕೆಟ್‌ಗಳು 112 ಕೋಟಿಗೂ ಹೆಚ್ಚು. ಐದು ವರ್ಷಗಳಲ್ಲಿ ಅದು ಅರ್ಧಕ್ಕಿಂತ ಕೆಳಗಿಳಿಯಿತು.